ಡಾಕ್ಟ್ರಿಕೆ ಬಿಟ್ಟು ಕಾದಂಬರಿ ಬರೀಲಾ?

ಪ್ರಶ್ನೆ: ಸಾರ್, ನಾನು ಹಾಸನದಲ್ಲಿ ಹೌಸ್ ಸರ್ಜನ್ಸಿ ಮಾಡ್ತಿದೀನಿ. ಪಿಯುಸಿಲಿ ಕಥೆ ಬರೀತಿದ್ದೆ, ಎಂಬಿಬಿಎಸ್ ಸೇರಿದ್ಮೇಲೆ ಪೂರ್ತಿ ನಿಂತೋಯ್ತು. ಈಗ ಪಿಜಿ ನೀಟ್ ಓದೋದು ಬಿಟ್ಟು ಒಂದು ವರ್ಷ ಮನೇಲಿ ಕೂತು ಕಾದಂಬರಿ ಬರೀಬೇಕು ಅನ್ಸ್ತಿದೆ. ಅಪ್ಪಂಗೆ ಹೇಳಿದ್ರೆ ದೊಡ್ಡ ರಾಮಾಯಣ ಆಗತ್ತೆ. ನಮ್ಮ ಸೀನಿಯರ್ ಒಬ್ರು "ಕ್ರೋನಿನ್ ನೋಡು, ಡಾಕ್ಟ್ರಿಕೆ ಬಿಟ್ಟು ಮೂರೇ ತಿಂಗಳಲ್ಲಿ ಕಾದಂಬರಿ ಬರ್ದು ಗೆದ್ದ" ಅಂತಾರೆ. ನಿಜಾನಾ? ನಾನೂ ಬಿಡ್ಲಾ?
– ಹೆಸರು ಬೇಡ, ಸಕಲೇಶಪುರ

ಉತ್ತರ: ಮೂರು ತಿಂಗಳು ಅನ್ನೋದು ನಿಜಾನೇ ಡಾಕ್ಟ್ರಮ್ಮ, ಆದ್ರೆ ನಿಮ್ಮ ಸೀನಿಯರ್ರು ಮೂರು ತಿಂಗಳಿನ ಕಥೆ ಹೇಳಿ ಅದರ ಹಿಂದಿನ ಹನ್ನೊಂದು ವರ್ಷ ನುಂಗಿಬಿಟ್ಟಿದಾರೆ.

ಎ. ಜೆ. ಕ್ರೋನಿನ್ ಹುಟ್ಟಿದ್ದು 1896ರಲ್ಲಿ, ಸ್ಕಾಟ್ಲೆಂಡಿನ ಕಾರ್ಡ್ರಾಸ್ ಅನ್ನೋ ಸಣ್ಣ ಊರಲ್ಲಿ. ಅಪ್ಪ ಚಿಕ್ಕಂದಿನಲ್ಲೇ ತೀರ್ಕೊಂಡ್ರು, ಹುಡುಗ ಸ್ಕಾಲರ್‌ಶಿಪ್ ಮೇಲೆ ಗ್ಲಾಸ್ಗೋದಲ್ಲಿ ಮೆಡಿಕಲ್ ಸೇರಿ, ಮಧ್ಯದಲ್ಲಿ ಮೊದಲ ಮಹಾಯುದ್ಧ ಬಂದು ನೇವಿಲಿ ಕೆಲಸ ಮಾಡಿ, 1919ರಲ್ಲಿ ಪಾಸಾದ್ರು. 1921ರಲ್ಲಿ ಮದ್ವೆ, ಹೆಂಡ್ತಿನೂ ಡಾಕ್ಟ್ರೇ. ಆಮೇಲೆ ವೇಲ್ಸ್‌ನ ಕಲ್ಲಿದ್ದಲು ಗಣಿ ಊರುಗಳಲ್ಲಿ ಡಾಕ್ಟ್ರಿಕೆ, 1924ರಲ್ಲಿ ಗಣಿಗಳ ಮೆಡಿಕಲ್ ಇನ್‌ಸ್ಪೆಕ್ಟರ್, ಮರುವರ್ಷ ಎಂಡಿ, ಅಲ್ಲಿಂದ ಲಂಡನ್ನಿಗೆ ಹೋಗಿ ಒಳ್ಳೇ ಪ್ರಾಕ್ಟೀಸು. 1930ರಲ್ಲಿ ಕರುಳಿನ ಹುಣ್ಣು ಜೋರಾಗಿ, ಕೆಲಸ ನಿಲ್ಸಿ ರೆಸ್ಟ್ ತಗೋಬೇಕು ಅಂದ್ರು. ಸ್ಕಾಟ್ಲೆಂಡಿನ ಲಾಕ್ ಫೈನ್ ಪಕ್ಕ ಒಂದು ಫಾರ್ಮಲ್ಲಿ ಹಾಲು ಕುಡ್ಕೊಂಡು ಬಿದ್ದಿದ್ದಾಗ ಬರ್ದಿದ್ದು ಮೊದಲ ಕಾದಂಬರಿ 'ಹ್ಯಾಟರ್ಸ್ ಕ್ಯಾಸಲ್'. 1931ರಲ್ಲಿ ಬಂತು, ಗೆದ್ದಿತು, ಮತ್ತೆ ಅವರು ಪ್ರಾಕ್ಟೀಸಿಗೆ ಹೋಗ್ಲಿಲ್ಲ. ಅಂದ್ರೆ ಅವರು ಡಾಕ್ಟ್ರಿಕೆ ಬಿಟ್ಟು ಬರೆಯೋಕೆ ಕೂತಿದ್ದಲ್ಲ, ಹುಣ್ಣು ಹಿಡಿದು ಕೂರಿಸ್ತು. ಆಗ ವಯಸ್ಸು 34.

ಇನ್ನೊಂದು ವಿಷ್ಯ ಇದೆ, ಇದನ್ನ ಯಾರೂ ಹೇಳಲ್ಲ. ಆ ಮೊದಲ ಪುಸ್ತಕ ಡಾಕ್ಟ್ರ ಕಥೆನೇ ಅಲ್ಲ, ಮನೆಯವರನ್ನೆಲ್ಲ ಗೋಳುಹೊಯ್ಕೊಳ್ಳೋ ಒಬ್ಬ ಟೋಪಿ ಅಂಗಡಿ ಯಜಮಾನನ ಕಥೆ. ಗಣಿ ಊರಲ್ಲಿ ತಾವು ಕಂಡಿದ್ದನ್ನೆಲ್ಲ ತಂದಿಟ್ಟಿದ್ದು 1937ರ 'ದಿ ಸಿಟಡೆಲ್' ಕಾದಂಬರಿಲಿ, ಲೆಕ್ಕ ಹಾಕಿ, ವೇಲ್ಸ್‌ಗೆ ಕಾಲಿಟ್ಟು ಹದಿನಾರು ವರ್ಷ ಆದ್ಮೇಲೆ.

ಅದರಲ್ಲಿ ಒಂದು ಹೆರಿಗೆ ಬರತ್ತೆ, ನೀವು ಲೇಬರ್ ವಾರ್ಡ್ ಪೋಸ್ಟಿಂಗ್ ಮಾಡಿರೋದ್ರಿಂದ ಖಂಡಿತ ಓದ್ಲೇಬೇಕು. ಗಣಿ ಕೆಲಸದವನ ಹೆಂಡ್ತಿ, ಮದ್ವೆಯಾಗಿ ಎಷ್ಟೋ ವರ್ಷಕ್ಕೆ ಮೊದಲ ಬಸಿರು. ಮಗು ಉಸಿರಿಲ್ದೆ ಹುಟ್ಟತ್ತೆ, ಸೂಲಗಿತ್ತಿ ಅದನ್ನ ಮಂಚದ ಕೆಳಗೆ ನ್ಯೂಸ್ ಪೇಪರ್ ಮೇಲೆ ಸರಿಸಿಬಿಟ್ಟಿರ್ತಾಳೆ. ಹೊಸ ಡಾಕ್ಟ್ರು ಆಂಡ್ರೂ ಮ್ಯಾನ್ಸನ್ ಮೊದ್ಲು ತಾಯಿನ ಉಳಿಸ್ಕೊಂಡು ಆಮೇಲೆ ಮಂಚದ ಕೆಳಗೆ ಕೈ ಹಾಕ್ತಾನೆ, ಮಗೂನ ಬಿಸಿನೀರಿಗೊಮ್ಮೆ ತಣ್ಣೀರಿಗೊಮ್ಮೆ ಅದ್ದಿ ಅದ್ದಿ ತೆಗೀತಾನೆ, ಒರಟು ಟವೆಲ್ಲಲ್ಲಿ ಉಜ್ತಾನೆ, ಎದೆ ಒತ್ತಿ ಬಿಡ್ತಾನೆ, ನೀರು ಚೆಲ್ಲಿ ನೆಲವೆಲ್ಲ ಒದ್ದೆ, ಕೊನೆಗೆ ಅದು ಉಸಿರೆಳ್ಕೊಳತ್ತೆ. (ಈಗ ಯಾರೂ ಹಂಗೆ ಬಿಸಿನೀರು ತಣ್ಣೀರು ಮಾಡಲ್ಲ, ನೀವೂ ಮಾಡ್ಬೇಡಿ!) ಮಂಚದ ಕೆಳಗಿನ ಆ ಪೇಪರ್ ಇದ್ಯಲ್ಲ, ಅದು ಮನೇಲಿ ಕೂತು ಯೋಚ್ನೆ ಮಾಡಿದ್ರೆ ಹೊಳೆಯೋ ಥರದ್ದಲ್ಲ.

ಹಾಗಾಗಿ ನಾನಂತೂ ಬಿಡಿ ಅನ್ನಲ್ಲ. ತೋಟದ ಲೈನ್ ಮನೆಯಿಂದ ರಾತ್ರಿ ಜೀಪಲ್ಲಿ ಬರೋರು, ಬಿಲ್ಲು ಎಷ್ಟಾಗತ್ತೆ ಅಂತ ಕೇಳೋಕೂ ಹೆದರಿ ಕಾರಿಡಾರಲ್ಲಿ ಕೂರೋ ಅಜ್ಜಿ, ಇವರೆಲ್ಲ ನಿಮ್ಮ ಕಣ್ಣ ಮುಂದೇನೇ ಇದಾರೆ. ಡ್ಯೂಟಿ ಮುಗ್ಸಿ ಬಂದು ಅರ್ಧ ಪುಟ ಬರ್ಕೊಳ್ಳಿ, ಸಾಕು. ಪೇಷೆಂಟ್ ಹೆಸರು, ಊರು, ಗುರುತು ಸಿಗೋಂಥದ್ದು ಏನೂ ಬೇಡ, ರೋಗಿಯ ಗುಟ್ಟು ಬಿಟ್ಕೊಡಬಾರ್ದು ಅಂತ ನಿಮ್ಮ ವೃತ್ತಿಯ ನಿಯಮದಲ್ಲೇ ಇದೆ.

ಕ್ರೋನಿನ್ ದೂರ ಆಯ್ತು ಅಂದ್ರೆ ಪಕ್ಕದ ತೀರ್ಥಹಳ್ಳಿಲಿ 1934ರಲ್ಲಿ ಹುಟ್ಟಿದ ಅನುಪಮಾ ನಿರಂಜನ ಇದ್ರಲ್ಲ. ಅವರು ಡಾಕ್ಟ್ರಾಗಿದ್ದುಕೊಂಡೇ ಬರೆದ್ರು, 'ಮಾಧವಿ'ಯಂಥ ಕಾದಂಬರಿನೂ ಬರೆದ್ರು, ಹೆಣ್ಮಕ್ಕಳಿಗೆ 'ತಾಯಿ-ಮಗು', ಮಕ್ಕಳಿಗೆ 'ದಿನಕ್ಕೊಂದು ಕಥೆ' ಸಂಪುಟಗಳು. ನಿಮ್ಮ ಅಪ್ಪನ ಮುಂದೆ ಇವರ ಹೆಸರೇ ಹೇಳಿ, ಮನೇಲಿ ಅಮ್ಮ ಓದಿರೋ ಪುಸ್ತಕ ಸಿಕ್ಕಿದ್ರೂ ಸಿಗಬಹುದು.

ಪ್ರಶ್ನೆ: ಬ್ರಿಟನ್ನಿನಲ್ಲಿ ಎಲ್ಲರಿಗೂ ಪುಕ್ಕಟೆ ವೈದ್ಯ ಸೇವೆ ಬಂದಿದ್ದೇ ಕ್ರೋನಿನ್ ಅವರ ಕಾದಂಬರಿಯಿಂದ ಅಂತ ಭಾಷಣದಲ್ಲಿ ಕೇಳಿದೆ. ಹೌದೇ?
– ನಿವೃತ್ತ ಮೇಷ್ಟ್ರು, ಮೂಡಿಗೆರೆ

ಉತ್ತರ: ಮೇಷ್ಟ್ರೇ, ಭಾಷಣದವರು ಸ್ವಲ್ಪ ಜಾಸ್ತಿನೇ ಕೊಟ್ಟಿದಾರೆ. 'ದಿ ಸಿಟಡೆಲ್' ಕಾದಂಬರಿ ಬಂದಿದ್ದು 1937, ಆ ಸೇವೆ ಶುರುವಾಗಿದ್ದು 1948ರ ಜುಲೈ 5ಕ್ಕೆ, ನಡುವೆ ಒಂದು ಮಹಾಯುದ್ಧ, ಒಂದು ಸರ್ಕಾರ ಬದಲು. ದುಡ್ಡಿನಾಸೆಯ ಡಾಕ್ಟ್ರುಗಳ ಮೇಲೆ ಜನರಿಗೆ ಸಿಟ್ಟು ಬರೋ ಹಂಗೆ ಪುಸ್ತಕ ಮಾಡ್ತು, ಅದು ಸುಳ್ಳಲ್ಲ. ಆದ್ರೆ ಸೇವೆ ತಂದ ಮಂತ್ರಿ ಅನ್ಯೂರಿನ್ ಬೆವನ್‌ಗೆ ಕಾದಂಬರಿ ಓದಿ ಕಲಿಯೋ ಅಗತ್ಯ ಇರ್ಲಿಲ್ಲ, ಅವರ ಊರೇ ವೇಲ್ಸ್‌ನ ಗಣಿ ಊರು ಟ್ರೆಡಿಗರ್. ಅಲ್ಲಿ ಕಾರ್ಮಿಕರು ಸಂಬಳದಲ್ಲಿ ಒಂದು ಪಾಲು ಕೊಟ್ಟು ಸಂಘ ಕಟ್ಕೊಂಡು, ಡಾಕ್ಟ್ರನ್ನ ಸಂಘದಿಂದಲೇ ನೇಮಿಸಿ, ಮನೆಯವರಿಗೆಲ್ಲ ಔಷಧ ಪಡೀತಿದ್ರು. ಕ್ರೋನಿನ್ ಕೆಲಸ ಮಾಡಿದ್ದೂ ಇದೇ ಸಂಘದಲ್ಲಿ.

ತಮಾಷೆ ಏನಂದ್ರೆ ಕಾದಂಬರಿಲಿ ಇಂಥ ಸಂಘವನ್ನ ಹೊಗಳಿಲ್ಲ. ಕಾಯಿಲೆ ಇಲ್ದೋನಿಗೆ ಕಾಯಿಲೆ ಸರ್ಟಿಫಿಕೇಟ್ ಕೊಡಲ್ಲ ಅಂದಿದ್ದಕ್ಕೆ ಜನ ಮ್ಯಾನ್ಸನ್ ಮೇಲೆ ತಿರುಗಿಬೀಳ್ತಾರೆ, ಧೂಳಿಂದ ಶ್ವಾಸಕೋಶ ಹಾಳಾಗೋದರ ಬಗ್ಗೆ ಅವನು ಗಿನಿಯಿಲಿ ಇಟ್ಕೊಂಡು ರಿಸರ್ಚ್ ಮಾಡಿದ್ರೆ ಲೈಸೆನ್ಸ್ ಇಲ್ಲ ಅಂತ ಕಮಿಟಿ ಮುಂದೆ ನಿಲ್ಲಿಸ್ತಾರೆ. ನಮ್ಮ ಕಡೆ ಸೊಸೈಟಿ ಮೀಟಿಂಗ್ ನೋಡಿರೋರಿಗೆ ಆ ಅಧ್ಯಾಯ ಓದೋವಾಗ ನಗು ತಡೆಯೋಕಾಗಲ್ಲ.

ಪ್ರಶ್ನೆ: 'ದಿ ಸಿಟಡೆಲ್' ಸಿನಿಮಾ ಆಗಿದ್ಯಾ?
– ಅರಸೀಕೆರೆಯಿಂದ ಒಬ್ಬರು

ಉತ್ತರ: ಇಂಗ್ಲಿಷಲ್ಲಿ 1938ರಲ್ಲೇ ಆಗಿದೆ. ಹಿಂದಿಲಿ 1971ರ 'ತೇರೆ ಮೇರೆ ಸಪ್ನೆ', ವಿಜಯ್ ಆನಂದ್ ಡೈರೆಕ್ಷನ್ನು, ದೇವಾನಂದ್, ಮುಮ್ತಾಜ್. ಎಸ್. ಡಿ. ಬರ್ಮನ್ ಸಂಗೀತ, ಹಾಡಿಗೋಸ್ಕರ ಆದ್ರೂ ನೋಡಿ.