ಅಡುಗೆ ಪ್ರಶ್ನೋತ್ತರ: ಪಕೋಡ ಮೆತ್ತಗಾಗುವುದೇಕೆ?

ಪ್ರಶ್ನೆ: ಸಂಜೆಯ ಚಹಾಕ್ಕೆಂದು ಮಾಡುವ ಈರುಳ್ಳಿ ಪಕೋಡ ಬಾಣಲೆಯಿಂದ ತೆಗೆದಾಗ ಗರಿಗರಿಯಾಗಿಯೇ ಇರುತ್ತದೆ. ಆದರೆ ಎಲ್ಲರೂ ಬಂದು ಕೂರುವಷ್ಟರಲ್ಲಿ ಮೆತ್ತಗಾಗಿ ಎಣ್ಣೆ ಜಿನುಗುತ್ತದೆ. ಅಡುಗೆ ಸೋಡಾ ಹೆಚ್ಚು ಹಾಕಿದರೂ ಪ್ರಯೋಜನವಾಗಲಿಲ್ಲ. ಇದೇ ಹಿಟ್ಟಿನಲ್ಲಿ ಹೀರೇಕಾಯಿ ಬಜ್ಜಿ ಮಾಡಬಹುದೆ?

ಉತ್ತರ: ಮೊದಲು ಸೋಡಾವನ್ನು ಕೈಬಿಡಿ. ಅದು ಹಿಟ್ಟನ್ನು ಉಬ್ಬಿಸುತ್ತದೆ. ಪ್ರಮಾಣ ಮೀರಿದರೆ ಉಬ್ಬಿದ ಹಿಟ್ಟು ಎಣ್ಣೆಯನ್ನೂ ಕುಡಿಯುತ್ತದೆ. ಪಕೋಡ ಮೆತ್ತಗಾಗಲು ಮುಖ್ಯ ಕಾರಣ ಒಳಗುಳಿದ ನೀರು. ಈರುಳ್ಳಿಯನ್ನು ಉದ್ದಕ್ಕೆ ತೆಳ್ಳಗೆ ಹೆಚ್ಚಿ, ಎಸಳುಗಳನ್ನು ಬಿಡಿಸಿ, ಉಪ್ಪು ಹಾಕಿ ಕಿವುಚಿ 10 ನಿಮಿಷ ಬಿಟ್ಟರೆ, ಹಿಟ್ಟು ಕಲಸುವುದಕ್ಕೆ ಬೇಕಾದ ನೀರನ್ನು ಬಹುಪಾಲು ಅದೇ ಬಿಟ್ಟುಕೊಡುತ್ತದೆ. ಅದಕ್ಕೆ ಹಸಿಮೆಣಸಿನಕಾಯಿ, ಕರಿಬೇವು, ಓಮ, ಇಂಗು ಸೇರಿಸಿ, 4 ಪಾಲು ಕಡಲೆಹಿಟ್ಟಿಗೆ 1 ಪಾಲು ಅಕ್ಕಿಹಿಟ್ಟು ಬೆರೆಸಿಕೊಂಡು ಸ್ವಲ್ಪಸ್ವಲ್ಪವಾಗಿ ಉದುರಿಸುತ್ತ ಕಲಸಿ. ಗರಿ ಉಳಿಯುವಲ್ಲಿ ಅಕ್ಕಿಹಿಟ್ಟಿನ ಪಾತ್ರ ದೊಡ್ಡದು. ಮೇಲೆ 2 ಚಮಚ ಕಾದ ಎಣ್ಣೆ ಹಾಕಿ. ತೀರ ಒಣಗಿದ್ದರೆ ಮಾತ್ರ ನೀರು ಚಿಮುಕಿಸಬೇಕು. ಈರುಳ್ಳಿಗೆ ಹಿಟ್ಟು ಅಂಟಿರಬೇಕೇ ಹೊರತು ಹಿಟ್ಟಿನಲ್ಲಿ ಈರುಳ್ಳಿ ಮುಳುಗಿರಬಾರದು. ಕಲಸಿಟ್ಟಷ್ಟು ಹೊತ್ತೂ ಅದು ನೀರು ಬಿಡುತ್ತಲೇ ಇರುವುದರಿಂದ, ಹೆಚ್ಚು ಮಂದಿಗೆ ಮಾಡುವಾಗ ಒಂದೇ ಸಲಕ್ಕೆ ಕಲಸಿಡದೆ ಎರಡು ಕಂತಿನಲ್ಲಿ ಕಲಸುವುದು ಲೇಸು.

ಎಣ್ಣೆಗೆ ಒಂದು ಹನಿ ಹಿಟ್ಟು ಬಿಟ್ಟಾಗ ಅದು ಕೂಡಲೇ ಕಪ್ಪಾಗದೆ ಮೇಲೇಳಬೇಕು. ಬಳಿಕ ಉರಿಯನ್ನು ಮಧ್ಯಮಕ್ಕಿಳಿಸಿ, ಹಿಟ್ಟನ್ನು ಉಂಡೆ ಕಟ್ಟದೆ ಬೆರಳುಗಳಿಂದ ಬಿಡಿಬಿಡಿಯಾಗಿ ಉದುರಿಸಿ, ಬಾಣಲೆ ತುಂಬಿಸಬೇಡಿ. ಆರಂಭದಲ್ಲಿ ಭರ್ರೆಂದು ಏಳುವ ಗುಳ್ಳೆಗಳು ನೀರು ಆವಿಯಾಗುತ್ತಿರುವುದರ ಗುರುತು. ಅವು ಇಳಿದು ಸದ್ದು ಅಡಗುವವರೆಗೆ ಕಾಯಬೇಕು. ದೊಡ್ಡ ಉರಿಯಲ್ಲಿ ಬಣ್ಣ ಬಂದೊಡನೆ ತೆಗೆದರೆ ಒಳಗಿನ ತೇವ ತಟ್ಟೆಯಲ್ಲಿ ಹೊರಬಂದು ಗರಿಯನ್ನು ಕೆಡಿಸುತ್ತದೆ. ನಿಮ್ಮಲ್ಲಿ ಆಗುತ್ತಿರುವುದು ಬಹುಶಃ ಇದೇ. ತೆಗೆದದ್ದನ್ನು ಜಾಲರಿಯ ಮೇಲೆ ಹರಡಿ. ಬಿಸಿಯಾಗಿರುವಾಗಲೇ ಡಬ್ಬಿಗೆ ತುಂಬಿ ಮುಚ್ಚಿದರೆ ಪಟ್ಟ ಶ್ರಮವೆಲ್ಲ ವ್ಯರ್ಥ.

ಹೀರೇಕಾಯಿ ಬಜ್ಜಿಗೆ ಈ ಹಿಟ್ಟು ಆಗದು. ಅದಕ್ಕೆ ಹೋಳಿನ ಮೇಲೆ ಪದರವಾಗಿ ನಿಲ್ಲುವಂತೆ ಇಡ್ಲಿ ಹಿಟ್ಟಿನ ಹದಕ್ಕೆ ನೀರು ಹಾಕಿ ಕಲಸಬೇಕು, ಹೋಳುಗಳನ್ನು ಬಟ್ಟೆಯಿಂದ ಒರೆಸಿಕೊಳ್ಳಬೇಕು. ಹೀರೇಕಾಯಿಯಲ್ಲೇ ನೀರು ಹೆಚ್ಚಾದ್ದರಿಂದ ಬಜ್ಜಿ ಪಕೋಡದಷ್ಟು ಹೊತ್ತು ಗರಿಯಾಗಿ ಉಳಿಯದು. ಎಲ್ಲರೂ ಬಂದು ಕೂತ ಮೇಲೆಯೇ ಬಾಣಲೆ ಇಡಿ.