ಹತ್ತೇ ದಿನಕ್ಕೆ ಸಾಯುವ ಹಣ್ಣಿನ ನೊಣ

ಪ್ರಶ್ನೆ: ನಮ್ಮ ಬಿಎಸ್ಸಿ ವಿದ್ಯಾರ್ಥಿಗಳು ಆಹಾರಕ್ಕೆ ಅರಿಶಿನ ಬೆರೆಸಿ ಹಣ್ಣಿನ ನೊಣಗಳ ಆಯುಷ್ಯ ಅಳೆಯುತ್ತಿದ್ದಾರೆ. ಏಪ್ರಿಲ್‌ನಲ್ಲಿ ಶುರುಮಾಡಿದೆವು. ಹತ್ತೇ ದಿನಕ್ಕೆ ಅರ್ಧಕ್ಕರ್ಧ ಸತ್ತವು. ಎರಡು ತಿಂಗಳು ಬದುಕಬೇಕಲ್ಲವೇ?
– ಉಪನ್ಯಾಸಕಿ, ಮಾನ್ವಿ, ರಾಯಚೂರು ಜಿಲ್ಲೆ

ಉತ್ತರ: ಅವು ಮುಪ್ಪಿನಿಂದ ಸತ್ತಿಲ್ಲ, ಸೆಕೆಗೆ ಸತ್ತಿವೆ. ಎರಡು ತಿಂಗಳ ಲೆಕ್ಕ 25 ಡಿಗ್ರಿ ಸೆಲ್ಸಿಯಸ್, ಶೇ 60ರಷ್ಟು ತೇವಾಂಶಕ್ಕೆ ಹೇಳಿದ್ದು. ಸುತ್ತಲ ಗಾಳಿ ಕಾದಷ್ಟೂ ನೊಣದ ಆಯುಷ್ಯ ಬೇಗ ಕರಗುತ್ತದೆ. 29 ಡಿಗ್ರಿಯಲ್ಲೇ ವ್ಯತ್ಯಾಸ ಕಾಣುತ್ತದೆ. ನಿಮ್ಮ ಕಡೆ ಬೇಸಿಗೆಯಲ್ಲಿ 40 ದಾಟುತ್ತದೆ. ತಾಪಮಾನವನ್ನು ಒಂದೇ ಮಟ್ಟದಲ್ಲಿ ಇಡುವ ಪೆಟ್ಟಿಗೆಯಾದ ಬಿಒಡಿ ಇನ್‌ಕ್ಯುಬೇಟರ್ ಇಲ್ಲದೆ ಈ ಪ್ರಯೋಗಕ್ಕೆ ಬೇಸಿಗೆಯಲ್ಲಿ ಕೈಹಾಕಬೇಡಿ. ಇದ್ದರೂ ಥರ್ಮಾಮೀಟರನ್ನು ನೊಣ ಸಾಕುವ ಗಾಜಿನ ಸೀಸೆಗಳಾದ ವೈಯಲ್‌ಗಳ ನಡುವೆಯೇ ಇಡಿ, ಮೇಲಿನ ತಟ್ಟೆಗೂ ಕೆಳಗಿನದಕ್ಕೂ ಬಿಸಿ ಒಂದೇ ಇರುವುದಿಲ್ಲ.

ಒಣಹವೆಯಲ್ಲಿ ಇನ್ನೊಂದು ತೊಂದರೆ ಇದೆ. ಆಹಾರ ಒಣಗಿ ಗಾಜಿನಿಂದ ಬಿಡುತ್ತದೆ, ಕೂದಲೆಳೆಯಷ್ಟು ಸಂದಿ ಬೀಳುತ್ತದೆ. ನೊಣ ಅದರೊಳಗೆ ಇಳಿದು ಸಿಕ್ಕಿಕೊಂಡು ಸಾಯುತ್ತದೆ. ಇನ್‌ಕ್ಯುಬೇಟರ್ ಒಳಗೊಂದು ನೀರಿನ ತಟ್ಟೆ ಇಟ್ಟರೆ ಇದು ಬಹಳ ಕಡಿಮೆಯಾಗುತ್ತದೆ.

ಆಹಾರಕ್ಕೆ ಒಂದು ಲೀಟರ್ ನೀರಿಗೆ ರವೆ 100 ಗ್ರಾಂ, ಬೆಲ್ಲ 100 ಗ್ರಾಂ, ಗಟ್ಟಿಯಾಗಿಸುವ ಅಗರ್ ಪುಡಿ 10 ಗ್ರಾಂ ಹಾಕಿ ಕುದಿಸಿ. ಪ್ರೊಪಿಯಾನಿಕ್ ಆಮ್ಲ 7.5 ಮಿ.ಲೀ. ಒಲೆಯಿಂದ ಇಳಿಸಿ ಸ್ವಲ್ಪ ಆರಿದ ಮೇಲೆ ಹಾಕಬೇಕು. ಕುದಿಯುವಾಗ ಹಾಕಿದರೆ ಆವಿಯಾಗಿ ಹೋಗಿ ಬೂಸ್ಟು ಬರುತ್ತದೆ.

ಕೋಶದಿಂದ 24 ಗಂಟೆಯೊಳಗೆ ಹೊರಬಂದ ನೊಣಗಳನ್ನಷ್ಟೇ ಆರಿಸಿ. ಎರಡು ದಿನ ಕೂಡಲು ಬಿಟ್ಟು, ಗಂಡು ಹೆಣ್ಣು ಬೇರ್ಪಡಿಸಿ, ವೈಯಲ್‌ಗೆ 20ರಂತೆ ಗುಂಪಿಗೆ ಕನಿಷ್ಠ 5 ವೈಯಲ್ ಇಡಿ. ಬೇರ್ಪಡಿಸುವಾಗ ನೊಣಗಳ ಎಚ್ಚರ ತಪ್ಪಿಸಲು ಬಳಸುವ ಈಥರ್ ಆ ಒಂದೇ ಸಲ ಸಾಕು. ರೆಕ್ಕೆ ಮೇಲಕ್ಕೆ ನೆಟ್ಟಗೆ ನಿಂತರೆ ಈಥರ್ ಹೆಚ್ಚಾಯಿತೆಂದೇ ಅರ್ಥ, ಆ ನೊಣ ಏಳುವುದಿಲ್ಲ. ಎಚ್ಚರವಾಗುವವರೆಗೆ ವೈಯಲ್ ಅಡ್ಡ ಮಲಗಿಸಿ, ಇಲ್ಲದಿದ್ದರೆ ಆಹಾರಕ್ಕೆ ಅಂಟಿಕೊಳ್ಳುತ್ತವೆ. ಮುಂದೆ ಎರಡು ಮೂರು ದಿನಕ್ಕೊಮ್ಮೆ ಹೊಸ ವೈಯಲ್‌ಗೆ ತಟ್ಟಿ ಸಾಗಿಸಿ, ಸತ್ತವನ್ನು ಎಣಿಸಿ. ಹಾರಿಹೋದವನ್ನು ಸತ್ತವಕ್ಕೆ ಸೇರಿಸದೆ ಬೇರೆಯಾಗಿ ಬರೆಯಿರಿ.

ದಿನದಿಂದ ದಿನಕ್ಕೆ ಎಷ್ಟು ನೊಣ ಉಳಿದವೆಂದು ಗ್ರಾಫ್ ಬಿಡಿಸಿ ನೋಡಿ. ನಿಜವಾದ ಮುಪ್ಪಾದರೆ ಮೊದಲ ಕೆಲವು ವಾರ ಗೆರೆ ಹೆಚ್ಚುಕಡಿಮೆ ಚಪ್ಪಟೆಯಾಗಿದ್ದು ಆಮೇಲೆ ಕಡಿದಾಗಿ ಇಳಿಯುತ್ತದೆ. ಮೊದಲ ದಿನದಿಂದಲೇ ಇಳಿಯುತ್ತಿದ್ದರೆ ಸಾವಿಗೆ ಕಾರಣ ನಿಮ್ಮ ವ್ಯವಸ್ಥೆಯಲ್ಲಿದೆ.

ಪ್ರಶ್ನೆ: ಅರಿಶಿನ ತಿಂದವು ಹೆಚ್ಚು ದಿನ ಬದುಕಿದರೆ ಏನೆಂದು ಬರೆಯಬೇಕು?

ಉತ್ತರ: ಮೊದಲು ಅವು ಎಷ್ಟು ತಿಂದವು ನೋಡಿ. ರುಚಿ ಹಿಡಿಸದೆ ಕಡಿಮೆ ತಿಂದರೂ ನೊಣದ ಆಯುಷ್ಯ ಹೆಚ್ಚುತ್ತದೆ. ಅರಿಶಿನ ಬೆರೆಸಿದ, ಬೆರೆಸದ ಎರಡೂ ಗುಂಪಿನ ಆಹಾರಕ್ಕೆ ನೀಲಿ ಬಣ್ಣ ಬೆರೆಸಿ ಹೊಟ್ಟೆಯ ಬಣ್ಣ ಹೋಲಿಸಿ. ಹೆಣ್ಣುಗಳು ಇಟ್ಟ ಮೊಟ್ಟೆಗಳನ್ನೂ ಎಣಿಸಿ, ಕಡಿಮೆ ತಿಂದವು ಮೊಟ್ಟೆಯನ್ನೂ ಕಡಿಮೆ ಇಡುತ್ತವೆ.

ನೊಣದಿಂದ ಮನುಷ್ಯನ ಬಗ್ಗೆ ಕಲಿಯುವುದು ಖಂಡಿತ ಇದೆ. 1993ರಲ್ಲಿ ಅಮೆರಿಕದ ಜೀವವಿಜ್ಞಾನಿ ಸಿಂಥಿಯಾ ಕೆನ್ಯನ್ ತಂಡ ಡಾಫ್-2 ಎಂಬ ಒಂದೇ ಜೀನ್ ಕೆಟ್ಟಾಗ ಒಂದು ಮಿಲಿಮೀಟರ್ ಉದ್ದದ ದುಂಡುಹುಳು ಎರಡರಷ್ಟು ಕಾಲ ಬದುಕುವುದನ್ನು ತೋರಿಸಿತು. 2001ರಲ್ಲಿ ಅದೇ ಇನ್ಸುಲಿನ್ ಸಂಕೇತದ (ಇನ್ಸುಲಿನ್‌ನ ಸುದ್ದಿಯನ್ನು ಜೀವಕೋಶದೊಳಗೆ ಮುಟ್ಟಿಸುವ) ದಾರಿಯಲ್ಲಿರುವ ಚಿಕೊ ಜೀನ್ ಕೆಟ್ಟಾಗ ನೊಣದ ಆಯುಷ್ಯವೂ ಹೆಚ್ಚುವುದು ಕಂಡಿತು. ಈ ದಾರಿ ನಮ್ಮಲ್ಲೂ ಇದೆ. ಆದರೂ ವರದಿಯಲ್ಲಿ ‘25 ಡಿಗ್ರಿಯಲ್ಲಿ, ಇಷ್ಟು ಅರಿಶಿನಕ್ಕೆ, ಈ ತಳಿಯ ನೊಣಗಳ ಮಧ್ಯಾಂಕ ಆಯುಷ್ಯ ಇಷ್ಟು ದಿನ ಹೆಚ್ಚಿತು’ ಎಂದಷ್ಟೇ ಬರೆಸಿ. ಮಧ್ಯಾಂಕ ಎಂದರೆ ಗುಂಪಿನ ಅರ್ಧ ನೊಣಗಳು ಸಾಯುವ ದಿನ.