ಕ್ರಿಸ್‌ಮಸ್ ಕ್ಯಾಕ್ಟಸ್‌ಗೆ ಗೊಬ್ಬರ ಯಾವಾಗ, ಎಷ್ಟು?

ಪ್ರಶ್ನೆ: ನಮ್ಮ ಕ್ರಿಸ್‌ಮಸ್ ಕ್ಯಾಕ್ಟಸ್‌ಗೆ ತಿಂಗಳಿಗೊಮ್ಮೆ, ವರ್ಷವಿಡೀ ಗೊಬ್ಬರ ಹಾಕುತ್ತೇವೆ. ಗಿಡ ಹಸಿರಾಗಿದೆ, ಮೊಗ್ಗಿಲ್ಲ. ಮಣ್ಣಿನ ಮೇಲೆ ಬಿಳಿ ಪದರ ಕಟ್ಟಿದೆ. ಏಕೆ?

ಉತ್ತರ: ಬಿಡುವಿಲ್ಲದೆ ಉಣಿಸುವುದೇ ತೊಂದರೆ. ಸಾರಜನಕ ಸಿಗುತ್ತಲೇ ಇದ್ದರೆ ಗಿಡ ಚಿಗುರುತ್ತಲೇ ಇರುತ್ತದೆ. ಹೂವು ಉದುರಿದ ಮೇಲೆ ಒಂದು ತಿಂಗಳು ಗೊಬ್ಬರ ಬೇಡ, ನೀರೂ ಕಡಿಮೆ ಸಾಕು. ದಂಟಿನ ತುದಿಯಲ್ಲಿ ಅಕ್ಕಿಕಾಳಿನಷ್ಟು ಎಳೆ ಚಿಗುರು ಕಂಡಾಗ ಶುರು ಮಾಡಿ: ನೀರಿನಲ್ಲಿ ಕರಗುವ 20-20-20 ಗೊಬ್ಬರ (ಸಾರಜನಕ, ರಂಜಕ, ಪೊಟ್ಯಾಷ್ ಸಮಪ್ರಮಾಣದಲ್ಲಿರುವುದು), ಪೊಟ್ಟಣದ ಮೇಲೆ ಹೇಳಿದ್ದರ ಅರ್ಧ ಪ್ರಮಾಣ, ತಿಂಗಳಿಗೊಮ್ಮೆ. ಒಣಮಣ್ಣಿಗೆ ಸುರಿದರೆ ಬೇರು ಸುಡುತ್ತದೆ, ಮೊದಲು ನೀರುಣಿಸಿ. ಈ ಗಿಡಕ್ಕೆ ಮೆಗ್ನೀಸಿಯಂ ಹೆಚ್ಚು ಬೇಕು. ಅದಕ್ಕೆ 4 ಲೀಟರ್ ನೀರಿಗೆ 1 ಟೀ ಚಮಚ ಎಪ್ಸಮ್ ಉಪ್ಪು (ಮೆಗ್ನೀಸಿಯಂ ಸಲ್ಫೇಟ್) ಕರಗಿಸಿ ತಿಂಗಳಿಗೊಮ್ಮೆ ಕೊಡಿ, ಗೊಬ್ಬರ ಹಾಕಿದ ವಾರ ಮಾತ್ರ ಬೇಡ.

ಹಗಲು ಕಿರಿದಾಗತೊಡಗಿದಾಗ ಗೊಬ್ಬರ ಪೂರ್ತಿ ನಿಲ್ಲಿಸಿ. ಆದರೆ ಅಷ್ಟರಿಂದಲೇ ಮೊಗ್ಗು ಬಾರದು: ಸುಮಾರು 6 ವಾರ, ದಿನಕ್ಕೆ 13–14 ಗಂಟೆ ಗಾಢ ಕತ್ತಲೆ ಬೇಕು, ರಾತ್ರಿ ತಂಪೂ ಇರಬೇಕು. ಕೋಣೆಯ ದೀಪವೂ ಅಡ್ಡಿಯೇ.

ಬಿಳಿ ಪದರ ಗೊಬ್ಬರದ ಉಪ್ಪು. ಮೇಲ್ಮಣ್ಣನ್ನು ಕೆರೆದು ತೆಗೆದು, ಕುಂಡದ ತಳದಿಂದ ಧಾರಾಳವಾಗಿ ಹರಿಯುವಷ್ಟು ನೀರು ಹಾಯಿಸಿ, ತಟ್ಟೆಯಲ್ಲಿ ನಿಂತದ್ದನ್ನು ಚೆಲ್ಲಿಬಿಡಿ.